ಕಾರ್ಸೆಟ್ ಹೊಲಿಗೆ: ಸೊಂಟದಲ್ಲಿ ಅಡ್ಡ ಸುಕ್ಕು, ಕಿತ್ತುಬರುವ ಐಲೆಟ್, ಹಿಂದೆ ಮುಚ್ಚಿಹೋಗುವ ಸಂದು. ತಪ್ಪು ಎಲ್ಲಿ?

ರಂಗಸಜ್ಜು (ಪ್ರಶ್ನೆ)

1880ರ ದಶಕದ ಇಂಗ್ಲೆಂಡಿನಲ್ಲಿ ನಡೆಯುವ ನಾಟಕವೊಂದಕ್ಕೆ ಕಾರ್ಸೆಟ್ (ಹಿಂದೆ ಲಾಡಿ ಎಳೆದು ಸೊಂಟ ಬಿಗಿಯುವ, ಕಡ್ಡಿ ಹಾಕಿದ ಒಳ ಉಡುಪು) ಹೊಲಿದಾಗಿದೆ. ನಾಲ್ಕು ಪ್ರಯೋಗ ಮುಗಿಯುವಷ್ಟರಲ್ಲಿ ಅದರ ಆಕಾರವೇ ಕೆಟ್ಟಿದೆ. ಎರಡನೆಯದಕ್ಕೆ ಕತ್ತರಿ ಹಾಕುವ ಮೊದಲು ತಪ್ಪು ಎಲ್ಲಿದೆ ಎಂದು ಗೊತ್ತಾಗಬೇಕು, ಅದಕ್ಕೇ ವಿವರ ಪೂರ್ತಿ ಬರೆಯುತ್ತಿದ್ದೇನೆ.

ನಟಿಯ ಅಳತೆ: ಎದೆ 88, ಸೊಂಟ 76, ಸೊಂಟದ ಮೂಳೆಯ ಮೇಲಿನ ಸುತ್ತಳತೆ 92 ಸೆಂ.ಮೀ. ತೊಟ್ಟಾಗ ಸೊಂಟ 71 ಆಗಬೇಕು, ಹಿಂದೆ ಲಾಡಿಯ ನಡುವೆ 5 ಸೆಂ.ಮೀ ಸಂದು ಉಳಿಯಬೇಕು ಎಂದು ಲೆಕ್ಕ ಹಾಕಿ, ಬಟ್ಟೆಯ ಸೊಂಟ 66ಕ್ಕೆ ಕತ್ತರಿಸಿದ್ದು. ಒಂದೊಂದು ಬದಿಗೆ 6 ಪ್ಯಾನೆಲ್. ಸೊಂಟಕ್ಕೂ ಎದೆಗೂ ಇರುವ ವ್ಯತ್ಯಾಸವನ್ನು, ಹಾಗೆಯೇ ಸೊಂಟಕ್ಕೂ ಕೆಳಗಿನ ಸುತ್ತಿಗೂ ಇರುವ ವ್ಯತ್ಯಾಸವನ್ನು, ಐದು ಹೊಲಿಗೆಗಳಿಗೂ ಸಮನಾಗಿ ಹಂಚಿದ್ದೇನೆ. ಬಟ್ಟೆ ಅಂಗಡಿಯಲ್ಲಿ ಸಿಕ್ಕ ದಪ್ಪ ಕಾಟನ್ ಡ್ರಿಲ್, ಎರಡು ಪದರ, ಎರಡರ ಮುಖವೂ ಒಂದೇ ಕಡೆಗೆ, ಮೈಯಿಂದ ಹೊರಕ್ಕೆ. ಕಡ್ಡಿಗಳು 8 ಮಿ.ಮೀ ಅಗಲದ ಪ್ಲಾಸ್ಟಿಕ್. ಮುಂದೆ 33 ಸೆಂ.ಮೀ ಉಕ್ಕಿನ ಬಸ್ಕ್, ಕೊಂಡಿ-ಗುಂಡಿ ಇರುವ ಜೋಡಿಪಟ್ಟಿ. ಹಿಂದೆ ಲಾಡಿ ಪೋಣಿಸಲು ಬರೀ ಒಂದು ಭಾಗದ ಐಲೆಟ್ (ತೂತಿಗೆ ಕೂರಿಸುವ ಲೋಹದ ಬಳೆ), ವಾಷರ್ ಇಲ್ಲ. ಪಂಚ್ ಇಕ್ಕುಳದಲ್ಲಿ ತೂತು ಹೊಡೆದು 3 ಸೆಂ.ಮೀ ಅಂತರದಲ್ಲಿ ಕೂರಿಸಿದ್ದು.

ಈಗಿನ ಸ್ಥಿತಿ: ಮೊದಲ ದಿನ ಹಿಂದಿನ ಸಂದು ಮೇಲಿಂದ ಕೆಳಗೆ ಸಮನಾಗಿ 5 ಸೆಂ.ಮೀ ಇತ್ತು. ಈಗ ಸೊಂಟದ ಹತ್ತಿರ ಎರಡಂಚೂ ಕೂಡಿಕೊಳ್ಳುತ್ತವೆ, ಮೇಲೆ ಕೆಳಗೆ ಮಾತ್ರ ಸಂದು ಉಳಿದಿದೆ. ಪಕ್ಕೆಯಲ್ಲಿ ಸೊಂಟದ ಮಟ್ಟಕ್ಕೆ ಮೂರ್ನಾಲ್ಕು ಅಡ್ಡ ಸುಕ್ಕು. ಎಡಗಡೆಯ ಹೊಲಿಗೆಗಳು ನೆಟ್ಟಗಿವೆ, ಬಲಗಡೆಯವು ಓರೆಯಾಗಿ ಸುತ್ತಿಕೊಂಡಂತೆ ಕಾಣುತ್ತವೆ. ಸೊಂಟದ ಬಳಿಯ ಎರಡು ಐಲೆಟ್ ಬಟ್ಟೆ ಸಮೇತ ಕಿತ್ತುಬಂದಿವೆ. ಒಂದು ಕಡ್ಡಿ ಕೆಳಗಿನ ಅಂಚುಪಟ್ಟಿಯನ್ನು ತೂರಿ ಹೊರಬಂದಿದೆ. ಇನ್ನಷ್ಟು ಕಡ್ಡಿ ಸೇರಿಸಿದರೆ ಸರಿಹೋಗುತ್ತದೆಯೇ?


ಹಾಸುಹೊಕ್ಕು

ಕಡ್ಡಿ ಸೇರಿಸಿ ಪ್ರಯೋಜನವಿಲ್ಲ. ಸೊಂಟವನ್ನು ಬಿಗಿಹಿಡಿಯುವುದು ಬಟ್ಟೆ. ಆ ಬಟ್ಟೆ ಮೇಲಿನಿಂದ ಕೆಳಕ್ಕೆ ಕುಸಿದು ಮುದ್ದೆಯಾಗದಂತೆ ಎತ್ತಿ ನಿಲ್ಲಿಸುವುದಷ್ಟೇ ಕಡ್ಡಿಯ ಕೆಲಸ. ಲಾಡಿ ಎಳೆದಾಗ ಬಲವೆಲ್ಲ ಸೊಂಟದ ಸುತ್ತ ಅಡ್ಡಡ್ಡವಾಗಿ ಹೋಗುತ್ತದೆ. ನಿಂತ ಕಡ್ಡಿ ಅಡ್ಡ ಎಳೆತವನ್ನು ತಡೆಯುವುದು ಹೇಗೆ? ನೀವು ಹೇಳಿದ ಐದು ದೋಷಗಳಲ್ಲಿ ಎರಡು ನೇರವಾಗಿ ಬಟ್ಟೆಯಿಂದ ಬಂದವು: ಸಂದು ಮುಚ್ಚಿದ್ದು, ಬಲಗಡೆ ಓರೆಯಾಗಿದ್ದು.

ನಿಮ್ಮ 66ರ ಲೆಕ್ಕ ಸರಿಯಾಗಿದೆ. ಮೊದಲ ದಿನದ ಸಂದೇ ಅದಕ್ಕೆ ಸಾಕ್ಷಿ. ಆದರೆ ಡ್ರಿಲ್ ಬಟ್ಟೆ ಎಳೆತಕ್ಕೆ ಹಿಗ್ಗುತ್ತದೆ. ಮಿಕ್ಕ ತುಂಡಿನಲ್ಲಿ ಹೊಕ್ಕಿನ (ಬಟ್ಟೆಯ ಅಗಲಕ್ಕೆ ಓಡುವ ನೂಲಿನ) ದಿಕ್ಕಿಗೆ ಸರಿಯಾಗಿ 10 ಸೆಂ.ಮೀ ಅಂತರದಲ್ಲಿ ಎರಡು ಪೆನ್ಸಿಲ್ ಗೆರೆ ಹಾಕಿ. ಒಂದು ಗೆರೆಯ ಆಚೆ ಮೇಜಿಗೆ ಕ್ಲ್ಯಾಂಪ್ ಮಾಡಿ, ಇನ್ನೊಂದು ತುದಿಯನ್ನು ಮೈಭಾರ ಹಾಕಿ ಎಳೆಯಿರಿ, ಎಳೆದಿರುವಾಗಲೇ ಇನ್ನೊಬ್ಬರು ಅಳೆಯಲಿ. 10.2 ದಾಟದಿದ್ದರೆ ಬಟ್ಟೆ ನಡೆಯುತ್ತದೆ: 66 ಸೆಂ.ಮೀ ಸುತ್ತಿಗೆ ಅದು ಸುಮಾರು 1.3 ಸೆಂ.ಮೀ ಆಯಿತು, ಆ ಸಂದಿನಲ್ಲಿ ಅಡಗುತ್ತದೆ. 10.5ಕ್ಕೆ ಬಂದರೆ 3.3 ಸೆಂ.ಮೀ ಕೈಬಿಟ್ಟಂತೆ. ಅದರ ಮೇಲೆ ಹೊಲಿಗೆಗಳು ಬಾಯಿ ಬಿಡುವುದು, ತೊಟ್ಟವರ ಮೈ ಒತ್ತಿಕೊಳ್ಳುವುದು ಸೇರಿದರೆ ನಿಮ್ಮ 5 ಸೆಂ.ಮೀ ಎಲ್ಲಿ ಹೋಯಿತೆಂದು ಗೊತ್ತಾಗುತ್ತದೆ. ಹಾಸಿನ (ಉದ್ದಕ್ಕೆ ಓಡುವ ನೂಲಿನ) ದಿಕ್ಕಿಗೂ ಇದೇ ಪರೀಕ್ಷೆ ಮಾಡಿ. ಯಾವ ದಿಕ್ಕು ಕಡಿಮೆ ಹಿಗ್ಗುತ್ತದೋ ಅದು ಸೊಂಟದ ಸುತ್ತ ಬರಬೇಕು. ಪ್ಯಾನೆಲ್ ಅನ್ನು ಅಡ್ಡಕ್ಕೆ ಕತ್ತರಿಸಬೇಕಾಗಿ ಬಂದರೂ ಅಡ್ಡಿಯಿಲ್ಲ, ಆದರೆ ಹನ್ನೆರಡನ್ನೂ ಹಾಗೆಯೇ ಕತ್ತರಿಸಬೇಕು.

ಇನ್ನು ಓರೆಯ ವಿಷಯ. ಡ್ರಿಲ್‌ನ ಮೇಲ್ಮೈಯಲ್ಲಿ ಕರ್ಣದಂತೆ ಓಡುವ ಗೆರೆ ಕಾಣುತ್ತದಲ್ಲ, ಬಟ್ಟೆ ಆ ಗೆರೆಯ ಕಡೆಗೇ ಸ್ವಲ್ಪ ವಾಲುತ್ತದೆ. ಪ್ಯಾನೆಲ್‌ಗಳು ಎಡಕ್ಕೂ ಬಲಕ್ಕೂ ಕನ್ನಡಿಯ ಬಿಂಬದಂತೆ ಇರುತ್ತವೆ, ಗೆರೆ ಮಾತ್ರ ಎರಡೂ ಕಡೆ ಒಂದೇ ದಿಕ್ಕಿಗೆ ಓಡುತ್ತದೆ. ಹಾಗಾಗಿ ಒಂದು ಬದಿ ಹೊಲಿಗೆಯ ವಾಲಿಗೆ ಒಗ್ಗುತ್ತದೆ, ಇನ್ನೊಂದು ಬದಿ ತಿರುಚಿಕೊಳ್ಳುತ್ತದೆ. ಎರಡು ಪದರದ ಮುಖವನ್ನೂ ಹೊರಕ್ಕೆ ಇಟ್ಟಿದ್ದರಿಂದ ಈ ವಾಲು ಇಮ್ಮಡಿಯಾಗಿದೆ. ಕಾರ್ಸೆಟ್‌ಗೆಂದೇ ನೇಯುವ ಕೂಟಿಲ್ ಬಟ್ಟೆಯಲ್ಲಿ ಮೀನಿನ ಮುಳ್ಳಿನಂತೆ ಗೆರೆ ಎಡಕ್ಕೊಮ್ಮೆ ಬಲಕ್ಕೊಮ್ಮೆ ತಿರುಗುವುದು ಅಂದಕ್ಕಲ್ಲ. ಒಂದು ಸಾಲಿನ ವಾಲನ್ನು ಪಕ್ಕದ ಸಾಲು ಕಳೆಯುತ್ತದೆ. ನೂಲಿನ ಒತ್ತಣೆಯೂ ಹೆಚ್ಚು, ಆದ್ದರಿಂದ ಕಡ್ಡಿಯ ತುದಿ ಸುಲಭಕ್ಕೆ ತೂರುವುದಿಲ್ಲ.

ಕೂಟಿಲ್ ತರಿಸಲು ಆಗದಿದ್ದರೆ ಒತ್ತಾಗಿ ನೇಯ್ದ ಕಾಟನ್ ಕ್ಯಾನ್ವಾಸ್ ನೋಡಿ. ನೇಯ್ಗೆ ಸಾದಾ ಇರಬೇಕು, ನೂಲು ಒಂದರ ಮೇಲೆ ಹೋಗಿ ಮುಂದಿನದರ ಕೆಳಗೆ ಹೋಗುವಂಥದ್ದು. ಬೆಳಕಿಗೆ ಹಿಡಿದರೆ ಚುಕ್ಕೆಚುಕ್ಕೆಯಾಗಿ ಕಂಡರೆ ಅದು ಸಡಿಲ. ಡ್ರಿಲ್ಲೇ ಗತಿ ಎಂದಾದರೆ ಎರಡು ಪದರದ ಬೆನ್ನಿಗೆ ಬೆನ್ನು ಸೇರಿಸಿ, ಆಗ ಗೆರೆಗಳು ಕತ್ತರಿಯಾಕಾರದಲ್ಲಿ ದಾಟಿ ವಾಲು ತಗ್ಗುತ್ತದೆ. ಕಾಲರಿಗೆ ಹಾಕುವ ಅಂಟಿನ ಕ್ಯಾನ್ವಾಸ್ ಅಂಟಿಸಿ ಗಟ್ಟಿಮಾಡುವ ಯೋಚನೆ ಬೇಡ. ಅದು ಬಾಗುವುದನ್ನು ತಡೆದೀತು, ಎಳೆತವನ್ನು ತಡೆಯುವುದಿಲ್ಲ; ಬೆವರಿಗೆ ಗುಳ್ಳೆ ಏಳುತ್ತದೆ.

ಯಾವ ಬಟ್ಟೆಯಾದರೂ ಸೊಂಟಪಟ್ಟಿ ಬಿಡಬೇಡಿ. 20ರಿಂದ 25 ಮಿ.ಮೀ ಅಗಲದ ಹಿಗ್ಗದ ಕಾಟನ್ ಟೇಪು, ಇಲ್ಲವೇ ಪೀಟರ್‌ಶಾಮ್ ಎಂಬ ಗಟ್ಟಿ ಏಣಿನ ರಿಬ್ಬನ್. ಒಂದೊಂದು ಅರ್ಧಕ್ಕೆ ನಿಮ್ಮ ಲೆಕ್ಕದಲ್ಲಿ 33 ಸೆಂ.ಮೀ, ಜೊತೆಗೆ ಎರಡೂ ತುದಿಗೆ ಹೊಲಿಗೆಯ ಮಾರ್ಜಿನ್. ಎರಡು ಪದರದ ನಡುವೆ ಸರಿಯಾಗಿ ಸೊಂಟದ ಗೆರೆಯ ಮೇಲೆ ಕೂರಬೇಕು. ಮುಂದಿನ ತುದಿ ಬಸ್ಕ್‌ನ ಹೊಲಿಗೆಯೊಳಗೆ, ಹಿಂದಿನ ತುದಿ ಐಲೆಟ್ ಮಡಿಕೆಯೊಳಗೆ ಸಿಕ್ಕಿಕೊಳ್ಳಬೇಕು. ಒಂದು ತುದಿ ಸಡಿಲ ಬಿಟ್ಟರೂ ಪಟ್ಟಿ ಇದ್ದೂ ಇಲ್ಲದಂತೆ.


ಅಳತೆಪಟ್ಟಿ

ಮೇಲಿನವರು ಬಟ್ಟೆಯ ಬಗ್ಗೆ ಹೇಳಿದ್ದು ಪೂರ್ತಿ ಸರಿ. ಆದರೆ ಪಕ್ಕೆಯ ಅಡ್ಡ ಸುಕ್ಕಿಗೆ ಕಾರಣ ಕಟಿಂಗ್‌ನಲ್ಲೂ ಇದೆ. "ಐದು ಹೊಲಿಗೆಗಳಿಗೂ ಸಮನಾಗಿ ಹಂಚಿದ್ದೇನೆ" ಎಂದು ಬರೆದಿದ್ದೀರಿ. ಹೆಣ್ಣಿನ ಮೈ ಸೊಂಟದಿಂದ ಮೇಲಕ್ಕೆ ಅಗಲವಾಗುವುದು ಹೆಚ್ಚಾಗಿ ಮುಂದೆ, ಕೆಳಕ್ಕೆ ಅಗಲವಾಗುವುದು ಹೆಚ್ಚಾಗಿ ಪಕ್ಕದಲ್ಲಿ ಮತ್ತು ಹಿಂಪಕ್ಕದಲ್ಲಿ. ಸಮನಾಗಿ ಹಂಚಿದರೆ ಎದೆಯ ಕೆಳಗೆ ಚಪ್ಪಟೆಯಾಗುತ್ತದೆ, ಸೊಂಟದ ಮೂಳೆಯ ಮೇಲೆ ಬಿಗಿಯುತ್ತದೆ, ಕೆಳಹೊಟ್ಟೆಯ ಮೇಲೆ ಬಟ್ಟೆ ಸುಮ್ಮನೆ ಉಳಿಯುತ್ತದೆ.

ನಿಮ್ಮ ಅಂಕಿಗಳನ್ನೇ ಹಿಡಿದು ಹೇಳುತ್ತೇನೆ. ಸಂದಿನ 5 ಸೆಂ.ಮೀ ಎಲ್ಲ ಸುತ್ತಳತೆಯಿಂದಲೂ ಕಳೆಯಬೇಕು. ಎದೆ 83, ಅರ್ಧ 41.5. ಸೊಂಟ 66, ಅರ್ಧ 33. ಕೆಳಸುತ್ತು 87, ಅರ್ಧ 43.5. ಅಂದರೆ ಒಂದು ಬದಿಯಲ್ಲಿ ಮೇಲಕ್ಕೆ 8.5, ಕೆಳಕ್ಕೆ 10.5 ಸೆಂ.ಮೀ ಅಗಲವಾಗಬೇಕು. ಮುಂದಿನಿಂದ ಹಿಂದಕ್ಕೆ ಐದು ಹೊಲಿಗೆಗೆ ಮೇಲ್ಭಾಗದಲ್ಲಿ 2.5, 3, 1.5, 1, 0.5 ಎಂದೂ ಕೆಳಭಾಗದಲ್ಲಿ 1, 2, 3.5, 2.5, 1.5 ಎಂದೂ ಹಂಚಿ ಶುರುಮಾಡಿ. ಇದು ಕೊನೆಯ ಮಾತಲ್ಲ, ಕಚ್ಚಾ ಕಾರ್ಸೆಟ್‌ಗೆ (ಅಳತೆ ನೋಡಲು ಮೊದಲು ಹೊಲಿಯುವ ಮಾದರಿಗೆ) ಹೊರಡುವ ಜಾಗ. ಬಸ್ಕ್ ಕೂರುವ ಮುಂದಿನ ಅಂಚನ್ನು ಮಾತ್ರ ನೆಟ್ಟಗೇ ಬಿಡಿ, ಅಲ್ಲಿ ತಿರುವು ಕೊಟ್ಟರೆ ಉಕ್ಕು ಸೊಟ್ಟಗೆ ನಿಲ್ಲುತ್ತದೆ. ಹಿಂದಿನ ಐಲೆಟ್ ಅಂಚಿಗೂ ಹೆಚ್ಚುಕಡಿಮೆ ಇದೇ ನಿಯಮ.

ಸುಕ್ಕು ಕೆಳಗಿನ ಬಿಗಿಯಿಂದ ಬಂದಿದೆಯೋ ಉದ್ದ ಹೆಚ್ಚಾಗಿ ಬಂದಿದೆಯೋ ಎಂದು ಬಿಚ್ಚದೆಯೇ ತಿಳಿಯಬಹುದು. ತೊಡಿಸಿ, ಕೆಳಗಿನ ನಾಲ್ಕೈದು ಜೋಡಿ ಐಲೆಟ್‌ಗಳ ಲಾಡಿಯನ್ನು ಮಾತ್ರ ಸಡಿಲಿಸಿ, ಎರಡೂ ಅಂಗೈಯಿಂದ ಪಕ್ಕೆಯ ಬಟ್ಟೆಯನ್ನು ಕೆಳಕ್ಕೆ ನೀವಿ. ಸುಕ್ಕು ಮಾಯವಾಯಿತೆಂದರೆ ಕೆಳಸುತ್ತು ಬಿಗಿ: ಕಾರ್ಸೆಟ್ ಸೊಂಟದ ಮೂಳೆಯ ಮೇಲೆ ಕೂರಲಾಗದೆ ಮೇಲಕ್ಕೆ ಜರುಗಿ, ಅತ್ಯಂತ ಕಿರಿದಾದ ಜಾಗದಲ್ಲಿ ಮುದುರಿಕೊಳ್ಳುತ್ತಿತ್ತು. ಸುಕ್ಕು ಹಾಗೇ ಉಳಿದರೆ ಸೊಂಟದಿಂದ ಎದೆಯ ಕೆಳಗಿನವರೆಗೆ ಪ್ಯಾಟರ್ನ್‌ನ ಉದ್ದ ಮೈಗಿಂತ ಹೆಚ್ಚಿದೆ. ಆಗ ಸುಕ್ಕನ್ನು ಚಿವುಟಿ ಪಿನ್ ಹಾಕಿ, ಎಷ್ಟು ಮಿ.ಮೀ ಸೇರಿತೋ ಅಷ್ಟನ್ನು ಎಲ್ಲ ಪ್ಯಾನೆಲ್‌ಗಳಲ್ಲೂ ಒಂದೇ ಮಟ್ಟಕ್ಕೆ ಅಡ್ಡಲಾಗಿ ಮಡಿಸಿ ಕಡಿಮೆ ಮಾಡಿ. ಮೂರನೆಯ ಕಾರಣ ಚಿಕ್ಕದು: ಸೊಂಟದ ತಿರುವಿನಲ್ಲಿ ಒಳಗಿನ ಮಾರ್ಜಿನ್‌ಗೆ ಕತ್ತರಿಯಿಂದ ಸಣ್ಣ ಕಚ್ಚು ಕೊಡದಿದ್ದರೆ ಅದು ಬಿಗಿದ ದಾರದ ಹಾಗೆ ಎಳೆಯುತ್ತದೆ. ಹೊಲಿಗೆಗೆ 2–3 ಮಿ.ಮೀ ಉಳಿಸಿ ಕಚ್ಚು ಕೊಡಿ.

ಹಿಂದಿನ ಸಂದನ್ನು ಓದುವುದು ಕಲಿತರೆ ಅರ್ಧ ಫಿಟಿಂಗ್ ಕಲಿತಂತೆ. ಮೇಲೆ ಅಗಲ, ಕೆಳಗೆ ಕಿರಿದು ಎಂದರೆ ಮೇಲ್ಭಾಗಕ್ಕೆ ಬಟ್ಟೆ ಸಾಲದು, ಅಥವಾ ಕೆಳಗೆ ಜಾಸ್ತಿ. ತಲೆಕೆಳಗಾದರೆ ಉಲ್ಟಾ. ಸೊಂಟದಲ್ಲಿ ಅಗಲ, ತುದಿಗಳಲ್ಲಿ ಕಿರಿದಾಗಿದ್ದರೆ ಆ ಮೈಗೆ ಸೊಂಟ ಅತಿಯಾಗಿ ಕಡಿಮೆ ಮಾಡಿದ್ದೀರಿ. ನಿಮ್ಮದು ಸೊಂಟದಲ್ಲಿ ಕೂಡಿ ತುದಿಗಳಲ್ಲಿ ಬಾಯಿಬಿಟ್ಟ ಆಕಾರ. ಮೊದಲ ದಿನವೇ ಹೀಗಿದ್ದರೆ ಕಟಿಂಗ್ ತಪ್ಪು ಎನ್ನಬಹುದಿತ್ತು. ನಾಲ್ಕು ಪ್ರಯೋಗದ ಮೇಲೆ ಬಂದಿರುವುದರಿಂದ ಬಟ್ಟೆ ಹಿಗ್ಗಿದ್ದೇ ಕಾರಣ.

ಕಚ್ಚಾ ಕಾರ್ಸೆಟ್ ಅನ್ನು ತೆಳು ಕೋರಾ ಬಟ್ಟೆಯಲ್ಲಿ ಮಾಡಿ ಪಿನ್ ಚುಚ್ಚಿ ನೋಡಿದರೆ ಏನೂ ತಿಳಿಯುವುದಿಲ್ಲ. ಅದೂ ಎಳೆತ ತಡೆಯುವ ಬಟ್ಟೆಯಲ್ಲಿರಬೇಕು, ಲಾಡಿಯಿಂದಲೇ ಬಿಗಿಯಬೇಕು. ಐಲೆಟ್ ಹೊಡೆದ ಎರಡು ಪಟ್ಟಿಗಳನ್ನು ಎರಡೆರಡು ಕಡ್ಡಿ ಸಮೇತ ಬೇರೆಯಾಗಿ ಮಾಡಿಟ್ಟುಕೊಂಡರೆ ಪ್ರತಿ ಕಚ್ಚಾದ ಹಿಂಬದಿಗೆ ಕೈಹೊಲಿಗೆಯಲ್ಲಿ ಜೋಡಿಸಿ ಬಿಚ್ಚಬಹುದು. ಹೊಲಿಗೆಯ ಮಾರ್ಜಿನ್ ಹೊರಗೆ ಬರಲಿ, ಮಾರ್ಕರ್‌ನಲ್ಲಿ ಗೆರೆ ತಿದ್ದಲು ಸುಲಭ. ಕಡ್ಡಿಯ ಜಾಗಕ್ಕೆ ದಪ್ಪ ಕೇಬಲ್ ಟೈ ಅನ್ನು ಟೇಪಿನಿಂದ ಅಂಟಿಸಿದರೆ ಸಾಕು. ಕಡೆಗೆ ಕುರ್ಚಿಯಲ್ಲಿ ಕೂರಿಸಿ ನೋಡಿ: ಬಸ್ಕ್‌ನ ಕೆಳತುದಿ ತೊಡೆಗೆ ಅಥವಾ ಹೊಟ್ಟೆಯ ಕೆಳಗೆ ಒತ್ತಿದರೆ ಮುಂಭಾಗ ಉದ್ದವಾಯಿತು. ನಾಟಕವಾದ್ದರಿಂದ ಆಳವಾಗಿ ಉಸಿರೆಳೆದು ಎರಡು ಸಾಲು ಜೋರಾಗಿ ಹೇಳಿಸಿ, ಪಕ್ಕೆಲುಬಿನ ಮೇಲೆ ಮೇಲಂಚು ಕಚ್ಚುತ್ತದೆಯೇ ನೋಡುವುದನ್ನೂ ಮರೆಯಬೇಡಿ. ನೀವು 5 ಸೆಂ.ಮೀ ಮಾತ್ರ ಬಿಗಿಸಿದ್ದು ಬುದ್ಧಿವಂತಿಕೆ. ರಂಗದ ಮೇಲೆ ಅದಕ್ಕಿಂತ ಹೆಚ್ಚು ಕೇಳಬಾರದು.


ದಬ್ಬಣ

ಐಲೆಟ್ ಕಿತ್ತುಬಂದಿದ್ದಕ್ಕೆ ಮೂರು ಕಾರಣ, ಮೂರೂ ನಿಮ್ಮ ಪ್ರಶ್ನೆಯಲ್ಲೇ ಇವೆ: ಪಂಚ್, ವಾಷರ್ ಇಲ್ಲದಿರುವುದು, 3 ಸೆಂ.ಮೀ ಅಂತರ.

ಪಂಚ್ ಇಕ್ಕುಳ ಬಟ್ಟೆಯ ನೂಲನ್ನು ಕತ್ತರಿಸಿ ತೆಗೆಯುತ್ತದೆ. ಐಲೆಟ್‌ನ ಕೆಳಗೆ ಕತ್ತರಿಸಿದ ನೂಲಿನ ತುದಿಗಳಷ್ಟೇ ಉಳಿಯುತ್ತವೆ. ನಾಲ್ಕು ಸಲ ಎಳೆದರೆ ಜಾರಿ ಬರುತ್ತವೆ. ಅದರ ಬದಲು ಮೊನೆಯಿಂದ ಹಿಡಿಯತ್ತ ದಪ್ಪವಾಗುತ್ತ ಹೋಗುವ ದಬ್ಬಣ ತೆಗೆದುಕೊಳ್ಳಿ. ಗುರುತಿನ ಮೇಲೆ ಮೊನೆ ಇಟ್ಟು, ತಿರುಗಿಸುತ್ತ ತಿರುಗಿಸುತ್ತ ಒತ್ತಿ. ನೂಲು ತುಂಡಾಗದೆ ಸುತ್ತಲೂ ಸರಿದು ಜಾಗ ಬಿಡುತ್ತದೆ. ಐಲೆಟ್‌ನ ಕೊಳವೆಗಿಂತ ತೂತು ಸ್ವಲ್ಪ ಚಿಕ್ಕದೇ ಇರಬೇಕು, ಒತ್ತಿ ತುರುಕುವಂತಿರಬೇಕು. ದಬ್ಬಣ ತೆಗೆದ ಕೂಡಲೇ ಐಲೆಟ್ ಹಾಕಿ. ಹತ್ತು ತೂತು ಮಾಡಿಟ್ಟು ಆಮೇಲೆ ಕೂರಿಸೋಣ ಎಂದರೆ ಅಷ್ಟರಲ್ಲಿ ನೂಲು ಮರಳಿ ಕೂಡಿಕೊಂಡಿರುತ್ತದೆ.

ಎರಡು ಭಾಗದ ಐಲೆಟ್ ಬೇಕು: ಹೊರಗಿನಿಂದ ಅಗಲ ಅಂಚಿನ ಕೊಳವೆ, ಒಳಗಿನಿಂದ ವಾಷರ್. ಸುಮಾರು 5 ಮಿ.ಮೀ ಒಳತೂತಿನದು ಸಾಕು, ವ್ಯಾಪಾರದಲ್ಲಿ ಅದಕ್ಕೆ 00 ನಂಬರ್ ಎನ್ನುತ್ತಾರೆ. ಬಡಿಯುವಾಗ ಅಡಿಗೆ ಗಟ್ಟಿ ಕಲ್ಲು ಅಥವಾ ಕಬ್ಬಿಣದ ದಪ್ಪ ತುಂಡು ಇರಲಿ, ಮರದ ಮೇಜು ಬೇಡ. ಮೇಜು ಜಿಗಿದರೆ ಕೊಳವೆ ಓರೆಯಾಗಿ ಮಡಚುತ್ತದೆ. ಒಂದೇ ದೊಡ್ಡ ಏಟಿಗಿಂತ ಮೂರ್ನಾಲ್ಕು ನೇರ ಏಟು ಒಳ್ಳೆಯದು. ಆಮೇಲೆ ಹಿಂಬದಿಯ ಮೇಲೆ ಬೆರಳು ಆಡಿಸಿ ನೋಡಿ. ಕೊಳವೆ ನಕ್ಷತ್ರದಂತೆ ಸೀಳಿ ಚುಚ್ಚುತ್ತಿದ್ದರೆ ಅದು ಲಾಡಿಯನ್ನು ಕೊಯ್ಯುತ್ತದೆ; ತೆಗೆದು ಹೊಸದು ಹಾಕಿ. ವಾಷರ್ ಉಗುರಿಗೆ ತಿರುಗುತ್ತಿದ್ದರೆ ಇನ್ನೆರಡು ಏಟು ಬೇಕು.

ಅಂತರ 2 ಸೆಂ.ಮೀ. ಹಿಂಬದಿ 32 ಸೆಂ.ಮೀ ಉದ್ದ ಎಂದುಕೊಂಡರೆ ಮೇಲೂ ಕೆಳಗೂ ಸುಮಾರು 1 ಸೆಂ.ಮೀ ಬಿಟ್ಟು ಒಂದೊಂದು ಬದಿಗೆ 16 ಐಲೆಟ್ ಕೂರುತ್ತವೆ. 3 ಸೆಂ.ಮೀ ಅಂತರದಲ್ಲಿ ಹನ್ನೊಂದೇ ಕೂರುವುದು, ಒಂದೊಂದರ ಪಾಲಿಗೆ ಬರುವ ಎಳೆತ ಅಷ್ಟು ಹೆಚ್ಚು. ಜೊತೆಗೆ ಎರಡು ಐಲೆಟ್ ನಡುವೆ ಅಂಚು ಅಲೆಯಲೆಯಾಗುತ್ತದೆ. ಸೊಂಟದ ಗೆರೆಯ ಮೇಲೊಂದು ಕೆಳಗೊಂದು ಐಲೆಟ್ ಬರುವಂತೆ ಹೊಂದಿಸಿ, ಅವೆರಡರ ನಡುವೆ ಲಾಡಿಯನ್ನು ಕುಣಿಕೆಯಾಗಿ ಹೊರಕ್ಕೆ ಬಿಡಿ. ಬಿಗಿಯುವುದು ಆ ಎರಡು ಕುಣಿಕೆ ಹಿಡಿದು. ಮೇಲಿನಿಂದ ಕೆಳಕ್ಕೆ ಒಂದೇ ಉಸಿರಿಗೆ ಎಳೆಯಬಾರದು. ಮೇಲಿನಿಂದ ಸೊಂಟದವರೆಗೆ ಒಂದೊಂದೇ ಅಡ್ಡದಾರವನ್ನು ಎತ್ತಿ ಸಡಿಲು ತೆಗೆಯುತ್ತ ಬನ್ನಿ, ಆಮೇಲೆ ಕೆಳಗಿನಿಂದ ಸೊಂಟದವರೆಗೆ, ಕೊನೆಗೆ ಕುಣಿಕೆ. 16 ಜೋಡಿಗೆ 6ರಿಂದ 7 ಮೀಟರ್ ಲಾಡಿ ಬೇಕು, ಏಕೆಂದರೆ ಮುಂದಿನ ಬಸ್ಕ್ ಬಿಚ್ಚುವ ಮೊದಲು ಹಿಂದೆ ಒಂದು ಗೇಣಾದರೂ ತೆರೆದುಕೊಳ್ಳಬೇಕು. ಬಿಗಿದಿರುವಾಗಲೇ ಬಸ್ಕ್‌ನ ಕೊಂಡಿ ಬಿಡಿಸಲು ಹೋದರೆ ಗುಂಡಿ ಬಾಗುತ್ತದೆ, ಇಲ್ಲವೇ ಕೊಂಡಿಯ ಪಕ್ಕದ ಹೊಲಿಗೆ ಹರಿಯುತ್ತದೆ. ಅವಸರದಲ್ಲಿ ಉಡುಪು ಬದಲಿಸುವ ದೃಶ್ಯಗಳಿದ್ದರೆ ನೇಪಥ್ಯದವರಿಗೆ ಇದನ್ನು ಕಲಿಸಲೇಬೇಕು.

ಐಲೆಟ್‌ನ ಎರಡೂ ಪಕ್ಕದಲ್ಲಿ ಒಂದೊಂದು ಚಪ್ಪಟೆ ಉಕ್ಕಿನ ಕಡ್ಡಿ ಇರಲೇಬೇಕು. ಮಡಿಕೆಯ ಅಂಚಿನಿಂದ ಮೊದಲು ಒಂದು ಕಡ್ಡಿ, ಆಮೇಲೆ 12–15 ಮಿ.ಮೀ ಐಲೆಟ್ ಜಾಗ, ಮತ್ತೆ ಕಡ್ಡಿ. ಆ ಜಾಗದಲ್ಲಿ ನಾಲ್ಕು ಪದರ ಬಟ್ಟೆ ಸಿಗುವಂತೆ ಹಿಂಬದಿಯ ಮಾರ್ಜಿನ್ ಅನ್ನು 4–5 ಸೆಂ.ಮೀ ಬಿಟ್ಟು ಒಳಕ್ಕೆ ಮಡಿಸಿಕೊಳ್ಳಿ. ಈಗ ಕಿತ್ತಿರುವ ಎರಡಕ್ಕೆ ತಾತ್ಕಾಲಿಕ ಮದ್ದು: ಹಿಂದೆ ಗಟ್ಟಿ ಬಟ್ಟೆಯ ತೇಪೆ, ತೂತಿನ ಸುತ್ತ ಕಾಜದ ಹೊಲಿಗೆ, ಒಂದು ನಂಬರ್ ದೊಡ್ಡ ಐಲೆಟ್.


ಕರಾವಳಿ ಟೈಲರ್

ಕಡ್ಡಿಯ ಬಗ್ಗೆ. ಪ್ಲಾಸ್ಟಿಕ್ ಕಡ್ಡಿ ಮೈಬಿಸಿಗೆ ಮೆತ್ತಗಾಗಿ ಸೊಂಟದಲ್ಲಿ ಬಾಗಿ ಹಾಗೇ ನಿಂತುಬಿಡುತ್ತದೆ, ನಿಮ್ಮ ಸುಕ್ಕು ಕಾಯಂ ಆಗಿದ್ದು ಇದರಿಂದ. ಎಲ್ಲ ಪ್ಲಾಸ್ಟಿಕ್ಕೂ ಹಾಗಲ್ಲ: ತಿಮಿಂಗಿಲದ ಬಾಯೊಳಗಿನ ಪಟ್ಟಿಗೆ ಬದಲಿಯಾಗಿ ಜರ್ಮನಿಯಲ್ಲಿ ತಯಾರಾಗುವ ಕೃತಕ ಕಡ್ಡಿ ಬಿಗಿಯಾಗಿದ್ದು ಹಗುರವೂ ಹೌದು, ಕತ್ತರಿಯಲ್ಲೇ ತುಂಡಾಗುತ್ತದೆ. ಆದರೆ ನಿಮ್ಮ ಕೆಲಸಕ್ಕೆ ಉಕ್ಕೇ ಸರಿ. ಮುಂದೆ ಹಿಂದೆ ನೆಟ್ಟಗೆ ನಿಲ್ಲಬೇಕಾದಲ್ಲಿ 7 ಮಿ.ಮೀ ಚಪ್ಪಟೆ ಸ್ಪ್ರಿಂಗ್ ಸ್ಟೀಲ್. ಪಕ್ಕೆಯ ತಿರುವು ಹೊಲಿಗೆಗಳ ಮೇಲೆ ಸುರುಳಿ ಉಕ್ಕು. ಚಪ್ಪಟೆಯದು ಹಿಂದಕ್ಕೂ ಮುಂದಕ್ಕೂ ಬಾಗುತ್ತದೆ, ಅಂಚಿನ ದಿಕ್ಕಿಗೆ ಬಾಗುವುದಿಲ್ಲ. ಸುರುಳಿ ಎರಡೂ ದಿಕ್ಕಿಗೆ ಬಾಗುತ್ತದೆ. 3.5 ಸೆಂ.ಮೀ ಅಗಲವಾಗುವ ಪಕ್ಕದ ಹೊಲಿಗೆಯ ಮೇಲೆ ಚಪ್ಪಟೆ ಕಡ್ಡಿ ಇಳಿಸಿದರೆ ಅದು ಹೊಲಿಗೆಯನ್ನೇ ನೆಟ್ಟಗೆ ಎಳೆದು ಆಕಾರ ಕೆಡಿಸುತ್ತದೆ.

ತೂರಿ ಬಂದ ಕಡ್ಡಿಯ ಲೆಕ್ಕ ಹೀಗೆ: ಅಂಚುಪಟ್ಟಿಯ ಹೊಲಿಗೆಯಿಂದ ಹೊಲಿಗೆಗೆ ಚಾನೆಲ್‌ನ (ಕಡ್ಡಿ ತೂರಿಸುವ ಹೊಲಿದ ಸಂದಿನ) ಉದ್ದ ಅಳೆದು, ಅದರಲ್ಲಿ 12 ಮಿ.ಮೀ ಕಳೆಯಿರಿ. ಮೇಲೆ 6, ಕೆಳಗೆ 6. ತೊಟ್ಟಾಗ ಬಟ್ಟೆ ಸೊಂಟದಲ್ಲಿ ಒಳಕ್ಕೆ ಬಾಗಿ ಚಾನೆಲ್ ಕುಗ್ಗುತ್ತದೆ, ಕಡ್ಡಿ ಕುಗ್ಗುವುದಿಲ್ಲ. ಜಾಗ ಬಿಡದಿದ್ದರೆ ಅದು ಹೊರಗೇ ಬರಬೇಕು. ಅಗಲದಲ್ಲೂ ಹಾಗೆಯೇ, 7 ಮಿ.ಮೀ ಕಡ್ಡಿಗೆ 9–10 ಮಿ.ಮೀ ಚಾನೆಲ್. ತೀರಾ ಅಗಲವಾದರೆ ಕಡ್ಡಿ ಮಗುಚಿಕೊಂಡು ಒಳಬಟ್ಟೆಯನ್ನು ಸವೆಸುತ್ತದೆ.

ಉಕ್ಕನ್ನು ಕತ್ತರಿಸಿದ ಮೇಲೆ ಮೂಲೆಗಳನ್ನು ಅರದಿಂದ ಅರ್ಧಚಂದ್ರವಾಗಿ ಉಜ್ಜಿ, ತುದಿಗೆ ಲೋಹದ ಟೊಪ್ಪಿಗೆ ಹಾಕಿ ಇಕ್ಕುಳದಿಂದ ನಾಲ್ಕೂ ಕಡೆ ಒತ್ತಿ. ಟೊಪ್ಪಿಗೆ ಸಿಗದಿದ್ದರೆ ನಲ್ಲಿ ಕೆಲಸದವರು ಬಳಸುವ ಬಿಳಿ ಟೇಪನ್ನು ಐದಾರು ಸುತ್ತು ಬಿಗಿಯಾಗಿ ಸುತ್ತಿ, ಇಲ್ಲವೇ ವೈರಿಗೆ ಹಾಕುವ ಕುಗ್ಗುವ ಕೊಳವೆ ಬಿಸಿಮಾಡಿ ಕೂರಿಸಿ. ಇದು ಬರೀ ಮೊನೆಗಾಗಿ ಅಲ್ಲ. ಕಡ್ಡಿಯ ಮೇಲಿನ ಲೇಪ ಕತ್ತರಿಸಿದ ತುದಿಯಲ್ಲಿ ಇರುವುದಿಲ್ಲ, ತುಕ್ಕು ಅಲ್ಲೇ ಹುಟ್ಟುವುದು. ಮಂಗಳೂರು, ಉಡುಪಿ, ಕಾರವಾರದ ಮಳೆಗಾಲದಲ್ಲಿ ಬೆವರು ಕುಡಿದ ಕಾರ್ಸೆಟ್ ಅನ್ನು ಮಡಿಸಿ ಟ್ರಂಕಿನಲ್ಲಿಟ್ಟರೆ ಬಿಳಿ ಬಟ್ಟೆಯ ಮೇಲೆ ಕಂದು ಕಲೆ ಬರುತ್ತದೆ, ಮತ್ತೆ ಹೋಗುವುದಿಲ್ಲ. ತೊಟ್ಟು ತೆಗೆದ ರಾತ್ರಿಯೇ ಫ್ಯಾನಿನ ಕೆಳಗೆ ಕುರ್ಚಿಯ ಬೆನ್ನಿಗೆ ಹರವಿ ಒಣಗಿಸಿ. ಬರಿಮೈ ಮೇಲೆ ಎಂದೂ ತೊಡಿಸಬೇಡಿ, ಒಳಗೆ ತೆಳು ಕಾಟನ್ ಶೆಮೀಸ್ ಇರಲಿ. ಆ ಕಾಲದ ಕ್ರಮವೂ ಅದೇ: ಒಗೆಯುವುದು ಶೆಮೀಸನ್ನು, ಕಾರ್ಸೆಟ್ ಅನ್ನಲ್ಲ.

ಹಳೆಯ ಕಾರ್ಸೆಟ್‌ಗಳಲ್ಲಿ ಕಡ್ಡಿಯ ತುದಿಗೆ ರೇಷ್ಮೆ ದಾರದ ಪುಟ್ಟ ಕಸೂತಿ ಕಾಣುತ್ತದೆ, ಅದಕ್ಕೆ ಫ್ಲಾಸಿಂಗ್ ಎನ್ನುತ್ತಾರೆ. ನೋಡಲು ಹೂವಿನ ಎಸಳು, ಕೆಲಸ ಕಾವಲುಗಾರನದು. ಕಡ್ಡಿಯ ತುದಿಯ ಆಚೆಗೂ ಈಚೆಗೂ ದಾರ ದಾಟಿ, ಅದು ಮೇಲೆ ಕೆಳಗೆ ಜಾರದಂತೆ ಹಿಡಿಯುತ್ತದೆ. ಒಂದು ಕಡ್ಡಿಗೆ ನಾಲ್ಕೈದು ನಿಮಿಷದ ಕೈಕೆಲಸ, ನಿಮ್ಮ ಅಂಚುಪಟ್ಟಿ ಉಳಿಯುತ್ತದೆ.

ಮಷಿನ್‌ಗೆ 16 ನಂಬರ್ ಸೂಜಿ, ಪಾಲಿಯೆಸ್ಟರ್ ದಾರ, ಹೊಲಿಗೆಯ ಉದ್ದ 2ರಿಂದ 2.5 ಮಿ.ಮೀ. ಪ್ಯಾನೆಲ್ ಜೋಡಿಸುವ ಹೊಲಿಗೆಯನ್ನು ಸೊಂಟದ ಮೇಲೂ ಕೆಳಗೂ ಐದೈದು ಸೆಂ.ಮೀ ಎರಡು ಸಲ ಓಡಿಸಿ.


ರಂಗಸಜ್ಜು

ಎಲ್ಲರಿಗೂ ಧನ್ಯವಾದ. ಮಿಕ್ಕ ಡ್ರಿಲ್ ತುಂಡಿನಲ್ಲಿ ಎಳೆದು ನೋಡಿದೆ: ಹೊಕ್ಕಿನ ದಿಕ್ಕಿಗೆ 10 ಇದ್ದದ್ದು 10.5, ಹಾಸಿನ ದಿಕ್ಕಿಗೆ 10.2. ಕೆಳಲಾಡಿ ಸಡಿಲಿಸಿದಾಗ ಮುಕ್ಕಾಲು ಪಾಲು ಸುಕ್ಕು ಹೋಯಿತು, ಒಂದು ಉಳಿಯಿತು. ಇನ್ನು ಮೂರು ಪ್ರಶ್ನೆ. 1880ರ ದಶಕಕ್ಕೆ ಜೋಡಿಪಟ್ಟಿಯ ಬಸ್ಕ್ ಸರಿಯೇ? ಅದನ್ನು ಹೊಲಿಯುವಾಗ ಗುಂಡಿಗಳು ಕೊಂಡಿಗಿಂತ 2–3 ಮಿ.ಮೀ ಕೆಳಗೆ ಬಂದು ಮುಂಭಾಗ ಏರುಪೇರಾಗಿದೆ, ತಪ್ಪಿಸುವುದು ಹೇಗೆ? ಬೇರೆ ತಂಡದವರು ಆರು ಬೇಕೆಂದು ಕೇಳುತ್ತಿದ್ದಾರೆ, ಬೆಲೆ ಹೇಗೆ ಕಟ್ಟಬೇಕು?


ಅಳತೆಪಟ್ಟಿ

ಉಳಿದ ಆ ಒಂದು ಸುಕ್ಕು ಉದ್ದದ್ದು. ಚಿವುಟಿ ಅಳೆಯಿರಿ, ಬಹುಶಃ ಒಂದು ಸೆಂ.ಮೀ ಒಳಗೇ ಇರುತ್ತದೆ. ಹಾಸಿನ ದಿಕ್ಕು 10.2ಕ್ಕೆ ನಿಂತಿರುವುದರಿಂದ ಅದೇ ಡ್ರಿಲ್ ಅನ್ನು ಅಡ್ಡಕ್ಕೆ ಕತ್ತರಿಸಿ, ಬೆನ್ನಿಗೆ ಬೆನ್ನು ಸೇರಿಸಿ, ಸೊಂಟಪಟ್ಟಿ ಹಾಕಿದರೆ ಕಚ್ಚಾ ಕಾರ್ಸೆಟ್‌ಗೆ ಸಾಕು.

ಬಸ್ಕ್ ಸರಿಯಾಗಿದೆ. ಮುಂದೆ ಬಿಚ್ಚುವ ಜೋಡಿ ಬಸ್ಕ್‌ಗೆ ಫ್ರಾನ್ಸಿನಲ್ಲಿ 1829ರಲ್ಲೇ ಪೇಟೆಂಟ್ ಆಗಿತ್ತು, ಬಳಕೆ ವ್ಯಾಪಕವಾದದ್ದು ಶತಮಾನದ ಮಧ್ಯದಲ್ಲಿ. ಅದಕ್ಕೂ ಮೊದಲು ಮುಂದೆ ಒಂದೇ ಮರದ ಅಥವಾ ತಿಮಿಂಗಿಲ ಪಟ್ಟಿಯ ಬಸ್ಕ್ ಜೇಬಿನಲ್ಲಿ ಕೂರುತ್ತಿತ್ತು, ತೊಡುವಾಗಲೆಲ್ಲ ಹಿಂದಿನ ಲಾಡಿಯನ್ನೇ ಬಿಚ್ಚಿ ಕಟ್ಟಬೇಕಿತ್ತು. ನಿಮ್ಮ ದಶಕಕ್ಕೆ ಇನ್ನೂ ಹತ್ತಿರ ಹೋಗಬೇಕೆಂದರೆ ಸ್ಪೂನ್ ಬಸ್ಕ್ ನೋಡಿ: ಮೇಲೆ ಕಿರಿದು, ಕೆಳಗೆ ಸೌಟಿನಂತೆ ಅಗಲವಾಗಿ ಹೊಟ್ಟೆಯ ಕಡೆಗೆ ಬಾಗಿರುತ್ತದೆ, 1870ರ ದಶಕದಿಂದ ಬಂದದ್ದು. ಆದರೆ ಅದಕ್ಕೆ ಮುಂದಿನ ಪ್ಯಾನೆಲ್‌ನ ಕಟಿಂಗ್ ಬೇರೆ. ಮೊದಲು ನೆಟ್ಟಗಿನದರಲ್ಲಿ ಕೈ ಕೂರಲಿ.

ಗುಂಡಿ ಏರುಪೇರಾಗುವುದು ಎರಡೂ ಬದಿಯನ್ನು ಒಟ್ಟಿಗೆ ಗುರುತು ಮಾಡಿದಾಗ. ಮೊದಲು ತೊಡುವವರ ಬಲಗಡೆಗೆ ಕೊಂಡಿಯ ಪಟ್ಟಿ ಪೂರ್ತಿ ಹೊಲಿದು ಮುಗಿಸಿ: ಕೊಂಡಿ ಬರುವ ಜಾಗ ಬಿಟ್ಟು ನಡುನಡುವೆ ಹೊಲಿಗೆ, ಪ್ರತಿ ತುಂಡಿನ ಎರಡೂ ತುದಿಗೆ ಹಿಂದೆ ಮುಂದೆ ಲಾಕ್, ಪಟ್ಟಿ ಇಳಿಸಿ ಜಿಪ್ ಫುಟ್‌ನಲ್ಲಿ (ಜಿಪ್ ಹೊಲಿಯಲು ಮಷಿನ್‌ಗೆ ಹಾಕುವ ಕಿರಿದಾದ ಪಾದ) ಅದರ ಪಕ್ಕಕ್ಕೇ ಹೊಲಿಗೆ. ಆಮೇಲೆ ಎಡಗಡೆಯ ಮಡಿಸಿದ ಅಂಚನ್ನು ಅದರ ಪಕ್ಕ ಇಟ್ಟು, ಮೇಲಂಚು ಮತ್ತು ಸೊಂಟದ ಗುರುತು ಎರಡೂ ಸೇರುತ್ತವೆಯೇ ನೋಡಿ, ಪ್ರತಿ ಕೊಂಡಿಯ ಒಳಗಿಂದಲೇ ಪೆನ್ಸಿಲ್ ಚುಕ್ಕೆ ಇಡಿ. ಆ ಚುಕ್ಕೆಗೇ ದಬ್ಬಣ ಇಳಿಯಲಿ. ಒಂದು ಚುಕ್ಕೆ ಇಟ್ಟು ಉಳಿದದ್ದನ್ನು ಅಳತೆ ಹಿಡಿದು ಹಾಕಿದರೆ ತಪ್ಪು ಕೂಡುತ್ತ ಹೋಗುತ್ತದೆ. ಬಸ್ಕ್‌ನಲ್ಲಿ ಎರಡು ಗುಂಡಿ ಹತ್ತಿರ ಹತ್ತಿರ ಇರುವ ತುದಿ ಇದ್ದರೆ ಅದು ಕೆಳಗೆ ಬರಬೇಕು.


ಹಾಸುಹೊಕ್ಕು

ಬೆಲೆಯ ಬಗ್ಗೆ ಹೇಳುತ್ತೇನೆ, ಏಕೆಂದರೆ ಈ ಕೆಲಸದಲ್ಲಿ ಕೈಸೋಲುವವರು ಹೆಚ್ಚಾಗಿ ಸಾಮಗ್ರಿಯ ಬಿಲ್ ನೋಡಿ ಬೆಲೆ ಹೇಳಿದವರು. ಗಂಟೆ ಬರೆದಿಡಿ. ಒಬ್ಬರ ಮೈಗೆ ಹೊಲಿಯುವ ಒಂದು ಕಾರ್ಸೆಟ್‌ಗೆ ಪ್ಯಾಟರ್ನ್, ಕಚ್ಚಾ, ಫಿಟಿಂಗ್ ಸೇರಿ 6–7 ಗಂಟೆ. ಕತ್ತರಿಸಿ ಗುರುತು ಹಾಕಲು 2. ಪ್ಯಾನೆಲ್, ಬಸ್ಕ್, ಚಾನೆಲ್ ಹೊಲಿಗೆ 6–8. ಕಡ್ಡಿ, ಐಲೆಟ್ 3. ಅಂಚುಪಟ್ಟಿ, ಫ್ಲಾಸಿಂಗ್ 3. ಇಪ್ಪತ್ತು ಗಂಟೆಗಿಂತ ಕಡಿಮೆ ಹಿಡಿಯಬೇಡಿ. ಒಳ್ಳೆಯ ರವಿಕೆ ಹೊಲಿಯುವ ಕೈಗೆ ಗಂಟೆಗೆ ಏನು ಸಿಗಬೇಕೋ ಅದರಿಂದ ಗುಣಿಸಿ, ಸಾಮಗ್ರಿ ಸೇರಿಸಿ. ಎರಡನೆಯ ಫಿಟಿಂಗ್‌ಗಿಂತ ಹೆಚ್ಚಾದರೆ ಬೇರೆ ದರ ಎಂದು ಮೊದಲೇ ಬರೆದುಕೊಡಿ.

ಆರು ಒಟ್ಟಿಗೆ ಬಂದರೆ ಉಳಿತಾಯವಾಗುವುದು ಹೊಲಿಗೆಯಲ್ಲಿ. ಫಿಟಿಂಗ್‌ನಲ್ಲಿ ಏನೂ ಉಳಿಯದು. ಎಲ್ಲ ಹಿಂಬದಿ ಒಂದು ದಿನ, ಎಲ್ಲ ಐಲೆಟ್ ಒಂದು ದಿನ. ಇಂಗ್ಲೆಂಡಿನ ಕಾರ್ಖಾನೆಗಳು ನಡೆದಿದ್ದೇ ಹೀಗೆ. ಮಾರ್ಕೆಟ್ ಹಾರ್ಬರೋದ ಸಿಮಿಂಗ್ಟನ್, ಪೋರ್ಟ್ಸ್‌ಮತ್ ಊರಿನ ಕಾರ್ಖಾನೆಗಳು ಇವುಗಳಲ್ಲಿ ಹೆಸರಾದವು. ಪೋರ್ಟ್ಸ್‌ಮತ್‌ನಲ್ಲಿ ದುಡಿದವರಲ್ಲಿ ನಾವಿಕರ, ಹಡಗುಕಟ್ಟೆ ಕಾರ್ಮಿಕರ ಮನೆಯ ಹೆಂಗಸರೇ ಬಹಳ. 1868ರಲ್ಲಿ ಎಡ್ವಿನ್ ಐಜಡ್ ಹಬೆಯಲ್ಲಿ ಅಚ್ಚು ಕೂರಿಸುವ ಕ್ರಮಕ್ಕೆ ಪೇಟೆಂಟ್ ಪಡೆದ: ಗಂಜಿ ಹಾಕಿದ ಕಾರ್ಸೆಟ್ ಅನ್ನು ಬಿಸಿಮಾಡಿದ ಲೋಹದ ಮೈಯಚ್ಚಿಗೆ ತೊಡಿಸಿ ಒಣಗಿಸುವುದು. ತೊಡುವವರನ್ನು ನೋಡದೆಯೇ ಹೊಲಿಯುತ್ತಿದ್ದುದರಿಂದ ಆಕಾರವನ್ನು ಹೀಗೆ ಕೊಡುತ್ತಿದ್ದರು. ನಿಮಗೆ ಆರು ಜನರೂ ಕಣ್ಣೆದುರಿಗೆ ಇದ್ದಾರೆ, ಆ ಲಾಭ ಬಿಡಬೇಡಿ.

ಇನ್ನೊಂದು ಎಚ್ಚರಿಕೆ. ಆ ತಂಡದವರು ಸಂಗ್ರಹಾಲಯದ ಹಳೆಯ ಕಾರ್ಸೆಟ್‌ನ ಚಿತ್ರ ತೋರಿಸಿ "22 ಇಂಚು ಮಾಡಿಕೊಡಿ" ಎನ್ನಬಹುದು. ಅಂಥ ಅಂಕಿ ಹಿಂದಿನ ಅಂಚುಗಳು ಪೂರ್ತಿ ಕೂಡಿದಾಗಿನ ಬಟ್ಟೆಯ ಅಳತೆ. ಎರಡು ಇಂಚು ಸಂದು ಬಿಟ್ಟು ತೊಟ್ಟರೆ ಸೊಂಟ 24. ಆರ್ಡರ್ ಬರೆದುಕೊಳ್ಳುವಾಗ ಮೈಯ ಸೊಂಟ, ತೊಟ್ಟಾಗಿನ ಸೊಂಟ, ಬಟ್ಟೆಯ ಸೊಂಟ ಎಂದು ಮೂರು ಅಂಕಣ ಹಾಕಿ, ನಿಮ್ಮ ನಟಿಯದಾದರೆ 76, 71, 66. ಮೂರರ ಕೆಳಗೂ ತಂಡದವರ ಸಹಿ ತೆಗೆದುಕೊಂಡ ಮೇಲೆಯೇ ಬಟ್ಟೆಗೆ ಕತ್ತರಿ ಹಾಕಿ.